ಬಳೆ ತೊಟ್ಟ ಕೈ

ಬೆಂಗಳೂರು
೧೪ ಜೂನ್ ೨೦೦೪

ಪ್ರೀತಿಯ ರಮ್ಯಾ,

ಕೆಲಸ ಸಿಕ್ಕಿತು. ರಾಮನಗರದ ಕೇಬಲ್ಲಿನಲ್ಲಿ ದಿನಾ ಸಂಜೆ ರೇಷ್ಮೆಗೂಡಿನ ರೇಟು ಓದುತ್ತಿದ್ದ ಹುಡುಗಿ ಈಗ ರಾಜ್ಯಕ್ಕೆಲ್ಲ ಕಾಣುವ ಚಾನೆಲ್ಲಿನ ನಿರೂಪಕಿ. ಕಾರ್ಯಕ್ರಮದ ಹೆಸರು ‘ಊರು ಕೇರಿ’, ಸಂಜೆ ಆರೂವರೆಗೆ. ಹುಬ್ಬು ತೀಡಿಸಿದ್ದಾರೆ, ಕೂದಲು ಕತ್ತರಿಸಿದ್ದಾರೆ. ಕನ್ನಡಿಯಲ್ಲಿ ನನಗೆ ನಾನೇ ನೆಂಟರ ಹುಡುಗಿಯ ಹಾಗೆ ಕಾಣುತ್ತಿದ್ದೇನೆ.

ನೀನು ಮಾಡಿದ ಕೆಲಸ ಏನಿದೆ ತೋರಿಸು ಅಂದರು. ನನ್ನ ಹತ್ತಿರ ಇದ್ದದ್ದು ಒಂದೇ ಕ್ಯಾಸೆಟ್, ಕೇಬಲ್ಲಿನವರು ನಮ್ಮ ಹುಳುಮನೆಗೆ ಬಂದು ತೆಗೆದದ್ದು. ಮಾವ ಹುಳು ಸಾಕುವುದನ್ನು ವಿವರಿಸುತ್ತಾ ಕ್ಯಾಮೆರಾವನ್ನೇ ಮರೆತು, ‘ಭಾನು, ಮೈಕ್ ಆಮ್ಯಾಕೆ ಹಿಡ್ಕೊಳೀವಂತೆ, ಆ ತಟ್ಟೆ ಒಸಿ ಈ ಕಡೀಕ್ ತಗಿ’ ಅಂತ ಗದರುತ್ತಾರಲ್ಲ, ಅದು. ಅತ್ತೆ ಪಕ್ಕದಲ್ಲಿ ಸೊಪ್ಪು ಹಾಕುತ್ತಲೇ ಇರುತ್ತಾರೆ. ನೋಡಿದವರು ನಕ್ಕರು, ಆಮೇಲೆ ಈ ಹುಡುಗಿಯ ಹತ್ತಿರ ಜನ ಸಲೀಸಾಗಿ ಇರುತ್ತಾರೆ ಅಂದರು. ಮಾವನಿಗೆ ಹೇಳು, ಅವರ ಬೈಗುಳವೇ ನನಗೆ ಕೆಲಸ ಕೊಡಿಸಿತು. ಕೇಬಲ್ಲಿನವರಲ್ಲಿ ಇನ್ನೊಂದು ಪ್ರತಿ ಇಲ್ಲವಂತೆ, ಹಾಗಾಗಿ ಕ್ಯಾಸೆಟ್ಟನ್ನು ಟ್ರಂಕಿನಲ್ಲಿ ಸೀರೆಗಳ ನಡುವೆ ಇಟ್ಟು ಬೀಗ ಹಾಕಿದ್ದೇನೆ.

ಫೋನ್ ಬೇಡ. ಬೋರಲಿಂಗಯ್ಯನವರ ಅಂಗಡಿಗೆ ಫೋನ್ ಮಾಡಿದರೆ ಅರ್ಧ ಊರು ನಿನ್ನ ಪಕ್ಕದಲ್ಲಿ ನಿಂತಿರುತ್ತೆ. ಕಾಗದ ಬರಿ. ಅಮ್ಮ ಸತ್ತ ಮೇಲೆ ನಿಮ್ಮ ಮನೆಗೆ ಬಂದವಳು ನಾನು. ಅತ್ತೆ ನಿನಗೊಂದು ನನಗೊಂದು ಅಂತ ಹಂಚಿ ಬೆಳೆಸಿದರು. ಈ ಕೆಲಸವೂ ಅರ್ಧ ನಿನ್ನದೇ.

ನಿನ್ನ
ಭಾನು


ಕೆಂಚಯ್ಯನದೊಡ್ಡಿ, ಹಾರೋಹಳ್ಳಿ ಅಂಚೆ
೨ ಜುಲೈ ೨೦೦೪

ಭಾನು,

ಎಲ್ಲರೂ ಕ್ಷೇಮ ಅಂತ ಶುರು ಮಾಡು ಎಂದು ಅಮ್ಮ ಪಕ್ಕದಲ್ಲಿ ಕೂತು ಹೇಳುತ್ತಿದ್ದಾಳೆ. ಬರೆದೆ ಅಂದಿದ್ದೇನೆ.

ಆರೂವರೆಗೆ ಬೋರಲಿಂಗಯ್ಯನವರ ಪಡಸಾಲೆಯಲ್ಲಿ ಕಾಲಿಡಲು ಜಾಗವಿರುವುದಿಲ್ಲ. ಮೊದಲ ದಿನ ಅಪ್ಪ ಕೊನೆತನಕ ನಿಂತೇ ನೋಡಿದ. ಕೂತ್ಕೊಳ್ಳಿ ಹನುಮಂತಣ್ಣ ಅಂದರೆ, ‘ನಮ್ಮುಡುಗಿ ಅಲ್ಲಿ ನಿಂತ್ಕಂಡ್ ಮಾತಾಡ್ತಾವ್ಳೆ, ನಾನ್ ಕೂತ್ಕಳನಾ’ ಅಂದ. ಅಮ್ಮನಿಗೆ ಬೇರೆಯೇ ಚಿಂತೆ. ನೀನು ನಗುವಾಗ ನಿನಗೆ ನಾವು ಕಾಣುತ್ತೇವಾ ಅಂತ ಕೇಳಿದಳು. ಕಾಣಲ್ಲ ಅಂದೆ. ಹಾಗಾದರೆ ಯಾರನ್ನು ನೋಡಿ ನಗುತ್ತಾಳೆ ಅಂದಳು. ಉತ್ತರ ನೀನೇ ಬರಿ.

ಗೂಡು ಒಳ್ಳೆಯ ರೇಟಿಗೆ ಹೋಯಿತು. ಬೇರೆ ಮನೆಯ ಗಂಡಸರು ರಾಮನಗರದ ಮಾರ್ಕೆಟ್ಟಿನಿಂದ ಬರುವಾಗ ಹೆಂಡದ ವಾಸನೆ ಹೊತ್ತು ಬಂದರೆ ನಮ್ಮಪ್ಪ ಎಂದಿನಂತೆ ಶರ್ಫುನ್ನೀಸಾ ಅಂಗಡಿಯ ಬಳೆ ಹೊತ್ತು ಬಂದ. ಬೆಳೆ ಗೆದ್ದರೂ ಬಳೆ, ಕೆಟ್ಟರೂ ಬಳೆ. ಅದೇ ಹಸಿರು, ಕೈಗೊಂದು ಕೆಂಪು. ಅಮ್ಮ ಅದೇ ಬಣ್ಣ ಯಾಕೆ ಅಂತ ಬೈದುಕೊಂಡೇ ತೊಟ್ಟಳು.

ನಿನ್ನ ಕಾಗದ ಓದಿ ಹೇಳುವಾಗ ಹುಬ್ಬಿನ ವಿಷಯ ಹಾರಿಸಿದೆ. ಅತ್ತೆಯ ಮಂಡಿನೋವು ಹೇಗಿದೆ ಅಂತ ನೀನು ಕೇಳಿದ ಹಾಗೆ ಒಂದು ಸಾಲು ಸೇರಿಸಿದೆ. ಮುಂದಿನ ಸಲ ನೀನೇ ಕೇಳಿದರೆ ನನಗೊಂದು ಸುಳ್ಳು ತಪ್ಪುತ್ತೆ.

ರಮ್ಯಾ


ಕೆಂಚಯ್ಯನದೊಡ್ಡಿ
೬ ಫೆಬ್ರವರಿ ೨೦೦೫

ಭಾನು,

ಅಪ್ಪನನ್ನು ಮಣ್ಣು ಮಾಡಿದ ದಿನ ನೀನು ಬಂದೆ, ಸಂಜೆಯ ಬಸ್ಸಿಗೇ ಹೊರಟೆ. ಕಾರ್ಯಕ್ರಮ ನಿಲ್ಲಿಸಲಾಗುವುದಿಲ್ಲ ಅಂದೆ. ನನಗೆ ಕೋಪ ಬರಲಿಲ್ಲ ಅಂತ ಬರೆದರೆ ಸುಳ್ಳಾಗುತ್ತೆ. ಬಂತು, ಹೋಯಿತು.

ಹನ್ನೊಂದನೆಯ ದಿನಕ್ಕಾದರೂ ಬರುತ್ತೀಯ ಅಂತ ಅಮ್ಮ ಬಾಗಿಲ ಕಡೆಗೇ ನೋಡುತ್ತಿದ್ದಳು. ಅವತ್ತು ಅವಳ ಬಳೆ ತೆಗೆದರು. ಒಡೆಯಬೇಡಿ ಅಂತ ನಾನು ಹಟ ಹಿಡಿದೆ. ಕೊನೆಗೆ ಸೋಪು ಹಚ್ಚಿ ಒಂದೊಂದಾಗಿ ಜಾರಿಸಿದರು. ಆಮೇಲೆ ಅಮ್ಮ ಕೈ ಎರಡನ್ನೂ ಸೆರಗಿನೊಳಗೆ ಎಳೆದುಕೊಂಡಳು. ಈಗಲೂ ಹೊರಗಿನವರು ಯಾರಾದರೂ ಬಂದರೆ ಹಾಗೇ ಮಾಡುತ್ತಾಳೆ. ಹುಳುಮನೆಯಲ್ಲಿ ಸೊಪ್ಪು ಹಾಕುವಾಗ ಬಳೆಯ ಸದ್ದಾಗುವುದಿಲ್ಲ, ಅದು ನನಗೆ ತಡೆಯಲಾಗುತ್ತಿಲ್ಲ.

ಅಪ್ಪನ ಫೋಟೋ ಅಂತ ಉಳಿದಿರುವುದು ರೇಷನ್ ಕಾರ್ಡಿನಲ್ಲಿ ಮಾತ್ರ, ಅದರಲ್ಲೂ ಮುಖದ ಮೇಲೆ ಸೀಲು ಬಿದ್ದಿದೆ. ನಿನ್ನ ಕ್ಯಾಸೆಟ್ಟಿನಲ್ಲಿ ಅಪ್ಪ ಮಾತಾಡುತ್ತಾನಲ್ಲ. ಜೋಪಾನ.

ರಮ್ಯಾ


ಬೆಂಗಳೂರು
೧೯ ಆಗಸ್ಟ್ ೨೦೦೫

ಪ್ರೀತಿಯ ರಮ್ಯಾ,

ತಡವಾಯಿತು, ಕ್ಷಮಿಸು. ಟೀವಿಯಲ್ಲಿ ನಾನು ಕಾಣುತ್ತಿಲ್ಲ ಅಂತ ಊರಲ್ಲಿ ಕೇಳುತ್ತಿರಬಹುದು. ‘ಊರು ಕೇರಿ’ಯನ್ನು ಈಗ ಶ್ರುತಿ ಅಂತ ಹೊಸ ಹುಡುಗಿ ನಡೆಸುತ್ತಿದ್ದಾಳೆ, ಮೈಸೂರಿನವಳು. ನನಗೊಂದು ದೊಡ್ಡ ಕಾರ್ಯಕ್ರಮ ತಯಾರಾಗುತ್ತಿದೆ. ಅಲ್ಲಿಯ ತನಕ ಒಳಗಿನ ಕೆಲಸ ನೋಡಿಕೋ ಅಂದಿದ್ದಾರೆ.

ಒಳಗಿನ ಕೆಲಸ ಅಂದರೆ ಎಡಿಟಿಂಗ್. ನಿನಗೆ ಹಿಡಿಸುವಂಥ ಕೆಲಸ. ಕಿಟಕಿ ಇಲ್ಲದ ಕೋಣೆ, ಚಳಿ ಬರಿಸುವ ಏಸಿ, ಎರಡು ತೆರೆ. ಯಾರೋ ಹತ್ತು ನಿಮಿಷ ಮಾತಾಡಿದ್ದನ್ನು ಒಂದು ನಿಮಿಷಕ್ಕೆ ಇಳಿಸಬೇಕು. ನಡುವೆ ಕತ್ತರಿಸಿದರೆ ಮಾತಾಡುವವರ ತಲೆ ತಟ್ಟನೆ ಪಕ್ಕಕ್ಕೆ ಹಾರಿದ ಹಾಗೆ ಕಾಣುತ್ತೆ. ಅದು ಗೊತ್ತಾಗದಿರಲಿ ಅಂತ ಆ ಜಾಗದಲ್ಲಿ ಒಂದು ಮರವನ್ನೋ ಹಸುವನ್ನೋ ಕೆಲಸ ಮಾಡುವ ಕೈಯನ್ನೋ ತೋರಿಸುತ್ತೇವೆ. ನೋಡುವವರು ಕೈ ನೋಡುವಷ್ಟರಲ್ಲಿ ಮಾತು ಹೊಲಿಗೆಯಾಗಿರುತ್ತೆ. ನನ್ನ ಹೊಲಿಗೆ ಕಾಣುವುದೇ ಇಲ್ಲ ಅಂತ ಇಲ್ಲಿ ಹೆಸರಾಗಿದೆ.

ಇದು ಸ್ವಲ್ಪ ದಿನಕ್ಕಷ್ಟೇ. ಅತ್ತೆಯ ಮಂಡಿನೋವು ಹೇಗಿದೆ? ನೋಡು, ನಾನೇ ಕೇಳಿದ್ದೇನೆ.

ಭಾನು


ಕೆಂಚಯ್ಯನದೊಡ್ಡಿ
೧೦ ಸೆಪ್ಟೆಂಬರ್ ೨೦೦೬

ಭಾನು,

ವರ್ಷವಾಯಿತು ನಿನ್ನ ಕಾಗದ ಬಂದು. ದೊಡ್ಡ ಕಾರ್ಯಕ್ರಮ ಇನ್ನೂ ತಯಾರಾಗುತ್ತಿರಬೇಕು. ಭಾನು ಯಾಕೆ ಕಾಣಲ್ಲ ಅಂದವರಿಗೆ ಅಮ್ಮ, ಅವಳೀಗ ಆಫೀಸರಾಗಿದ್ದಾಳೆ, ಆಫೀಸರು ಎಲ್ಲಿ ಕಾಣುತ್ತಾರೆ ಅನ್ನುತ್ತಾಳೆ.

ಈ ಸಲ ಕೆಲಸವಿದೆ, ಅದಕ್ಕೇ ಬರೆಯುತ್ತಿದ್ದೇನೆ. ಹಾರೋಹಳ್ಳಿಯ ಫ್ಯಾಕ್ಟರಿಗಳು ನಮ್ಮ ಕಡೆಗೂ ಬರುತ್ತಿವೆ. ಊರ ಕೆಳಗಿನ ಹೊಲಗಳಿಗೆಲ್ಲ ನೋಟೀಸು ಬಂದಿದೆ. ನಮ್ಮ ಹಿಪ್ಪುನೇರಳೆ ತೋಟ ಪೂರ್ತಿ ಅದರೊಳಗಿದೆ. ಫ್ಯಾಕ್ಟರಿಯೇ ಬೇಡ ಅಂತ ಯಾರೂ ಹೇಳುತ್ತಿಲ್ಲ. ಜಮೀನು ಕೊಟ್ಟು ಜಮೀನು ತೆಗೆದುಕೊಳ್ಳಿ ಅಂತಷ್ಟೇ. ಸೊಪ್ಪಿಲ್ಲದೆ ನಾವು ಹುಳು ಸಾಕುವುದು ಹೇಗೆ? ಅಲ್ಲಿಯ ತನಕ ಯಾವ ಮನೆಯೂ ಒಂಟಿಯಾಗಿ ಒಪ್ಪಬಾರದು ಅಂತ ಹೋದ ಮಂಗಳವಾರ ಮಾರಮ್ಮನ ಗುಡಿ ಮುಂದೆ ಮನೆಗೊಬ್ಬರಂತೆ ಕರ್ಪೂರ ಆರಿಸಿ ಆಣೆ ಮಾಡಿದರು. ನಮ್ಮ ಮನೆಯಿಂದ ಯಾರು ಅಂತ ಬೋರಲಿಂಗಯ್ಯನವರು ಕೇಳಿದಾಗ ಅಮ್ಮನೇ ಎದ್ದಳು. ಸೆರಗಿನಿಂದ ಕೈ ಹೊರಗೆ ತೆಗೆದು ಕರ್ಪೂರ ಆರಿಸಿದಳು. ಅಪ್ಪ ಹೋದ ಮೇಲೆ ಜನರ ನಡುವೆ ಅವಳು ಕೈ ತೆಗೆದದ್ದು ಅದೇ ಮೊದಲು.

ನಮ್ಮ ಮಾತು ಅಧಿಕಾರಿಗಳಿಗೆ ಕೇಳುತ್ತಿಲ್ಲ, ಟೀವಿಯಲ್ಲಿ ಬಂದರೆ ಕೇಳುತ್ತೆ ಅಂತ ಊರವರ ಆಸೆ. ಭಾನುಗೆ ಬರಿ ಅಂತ ಅಮ್ಮನೇ ಹೇಳಿದಳು. ನಿನ್ನ ಕೈಲಾಗುತ್ತಾ?

ರಮ್ಯಾ


ಬೆಂಗಳೂರು
೧೨ ಅಕ್ಟೋಬರ್ ೨೦೦೬

ರಮ್ಯಾ,

ಆಗುತ್ತೆ. ನಮ್ಮ ವರದಿಗಾರ ದಯಾನಂದ್ ಮುಂದಿನ ವಾರ ಕ್ಯಾಮೆರಾ ತೆಗೆದುಕೊಂಡು ಬರುತ್ತಾರೆ. ಒಳ್ಳೆಯವರು. ಬೋರಲಿಂಗಯ್ಯನವರು ಭಾಷಣ ಮಾಡುತ್ತಾರೆ, ಅದನ್ನು ಯಾರೂ ನೋಡುವುದಿಲ್ಲ. ಅತ್ತೆಯೇ ಮಾತಾಡಲಿ. ಹೆಂಗಸು, ಒಂಟಿ, ಹುಳು ಸಾಕಿ ಬದುಕುವವರು, ಅವರು ಹೇಳಿದರೆ ನಾಟುತ್ತೆ. ಹೆದರಬೇಡಿ ಅಂತ ಹೇಳು. ಅವರ ಒಂದು ಮಾತೂ ಬಿದ್ದುಹೋಗದ ಹಾಗೆ ನಾನಿಲ್ಲಿ ನೋಡಿಕೊಳ್ಳುತ್ತೇನೆ. ಈ ಸಾಲನ್ನು ಹಾರಿಸದೆ ಓದು.

ಭಾನು


ಕೆಂಚಯ್ಯನದೊಡ್ಡಿ
೨೮ ನವೆಂಬರ್ ೨೦೦೬

ಭಾನು,

ನಿಮ್ಮ ಆಫೀಸಿನಲ್ಲಿ ಇದನ್ನು ಮಾಡಿದವರು ಯಾರು ಅಂತ ನನಗೆ ತಿಳಿಯಬೇಕು.

ದಯಾನಂದ್ ಬಂದ ದಿನ ನಾನು ಪಕ್ಕದಲ್ಲೇ ಇದ್ದೆ. ಹುಳುಮನೆ ತೊಳೆದು ಖಾಲಿ ಬಿಟ್ಟಿದ್ದೆವು, ಜಗಲಿಯ ಮೇಲೆ ಅಮ್ಮನನ್ನು ಕೂರಿಸಿ ಮುಖವನ್ನಷ್ಟೇ ತೆಗೆದರು. ಅಮ್ಮ ಹೇಳಿದ್ದು ಇದು: ‘ಜಮೀನ್ ಕೊಡಕ್ಕೆ ನಮ್ದೇನೂ ತಕರಾರಿಲ್ಲ ಕಣಪ್ಪ, ಜಮೀನಿಗ್ ಜಮೀನ್ ಕೊಟ್ರೆ. ಬರೀ ದುಡ್ ಈಸ್ಕಂಡು ಹುಳಕ್ಕೆ ಏನಾಕನ, ನೋಟಾಕನಾ? ಫ್ಯಾಕ್ಟ್ರಿ ಬಂದ್ರೆ ನಮ್ಮುಡುಗ್ರಿಗೂ ಕೆಲ್ಸ ಸಿಕ್ತದೆ ಅಂತಾರೆ. ಬಾಯ್ಮಾತ್ಗೆ ಅಂತಾರೆ.’

ಟೀವಿಯಲ್ಲಿ ಬಂದದ್ದು ಇದು: ಜಮೀನ್ ಕೊಡಕ್ಕೆ ನಮ್ದೇನೂ ತಕರಾರಿಲ್ಲ ಕಣಪ್ಪ. ಫ್ಯಾಕ್ಟ್ರಿ ಬಂದ್ರೆ ನಮ್ಮುಡುಗ್ರಿಗೂ ಕೆಲ್ಸ ಸಿಕ್ತದೆ. ಅಷ್ಟೇ.

ಬೋರಲಿಂಗಯ್ಯನವರ ಪಡಸಾಲೆಯಲ್ಲಿ ನಾವು ಬಾಗಿಲ ಹತ್ತಿರ ನಿಂತಿದ್ದೆವು. ಮೊದಲ ಮಾತು ಕೇಳಿದ್ದೇ ಎಲ್ಲರೂ ಹಿಂತಿರುಗಿ ಅಮ್ಮನನ್ನು ನೋಡಿದರು, ಆಮೇಲೆ ಟೀವಿಯಲ್ಲಿ ಏನು ಬಂತೋ ಯಾರೂ ನೋಡಲಿಲ್ಲ. ನಾನು ಹಾಗಂದಿಲ್ಲ ಅಂತ ಅಮ್ಮ ಅಂದಳು. ‘ನಿನ್ ಬಾಯೇ ಅಲ್ವೇನಮ್ಮ ಅದು’ ಅಂದರು ಬೋರಲಿಂಗಯ್ಯನವರು. ಬಾಯಿ ಅವಳದೇ.

ಮರುದಿನ ಅಧಿಕಾರಿಗಳು ಬಂದು, ನಿಮ್ಮವರೇ ಒಪ್ಪಿದ್ದಾರಲ್ಲ ಅಂದರು. ಮೂರು ಮನೆಯವರು, ಆಣೆ ಹೇಗೂ ಮುರಿಯಿತು ಅಂತ ಸಹಿ ಹಾಕಿದರು. ಈ ವಾರ ನಮ್ಮ ಹುಳು ಹಣ್ಣಾಗಿ ನೂಲು ಬಿಡಲು ಬಂದವು. ಗೂಡು ಕಟ್ಟಲು ಬಿಡುವ ಬಿದಿರಿನ ಚಂದ್ರಿಕೆ ನಮ್ಮ ಹತ್ತಿರ ಸಾಲದು, ಎಂದಿನಂತೆ ಕೇಳಲು ಹೋದೆ. ಈ ಊರಲ್ಲಿ ಜಗಳವಿದ್ದವರೂ ಹಣ್ಣಾದ ಹುಳಕ್ಕೆ ಚಂದ್ರಿಕೆ ಇಲ್ಲ ಅಂದದ್ದನ್ನು ನಾನು ಕಂಡಿಲ್ಲ. ಈ ಸಲ ಒಬ್ಬರೂ ಕೊಡಲಿಲ್ಲ. ಚಂದ್ರಿಕೆಗಳು ಗೋಡೆಗೆ ಒರಗಿ ನಿಂತಿದ್ದವು, ಬಾಗಿಲು ಹಾಕಿಕೊಂಡರು. ಹುಳು ನೆಲದಲ್ಲಿ, ಪೊರಕೆಯಲ್ಲಿ, ಅಮ್ಮನ ಸೀರೆಯ ಅಂಚಿನಲ್ಲಿ ನೂಲು ಬಿಟ್ಟವು. ಬಿಡಿಸುವಾಗ ಅಮ್ಮ ಅಳಲಿಲ್ಲ, ನಾನು ಅತ್ತುಬಿಟ್ಟೆ.

ನೀನು ನೋಡಿಕೊಳ್ಳುತ್ತೇನೆ ಅಂದಿದ್ದೆ. ನಿನ್ನ ಕಣ್ಣು ತಪ್ಪಿಸಿ ಮಾಡಿರಬೇಕು. ಪೂರ್ತಿ ಮಾತನ್ನು ಇನ್ನೊಮ್ಮೆ ಹಾಕಿಸು ಭಾನು. ಅಷ್ಟು ಮಾಡಿದರೆ ಅಮ್ಮ ಊರಲ್ಲಿ ತಲೆಯೆತ್ತಿ ನಡೆಯುತ್ತಾಳೆ.

ರಮ್ಯಾ


ಬೆಂಗಳೂರು
೯ ಡಿಸೆಂಬರ್ ೨೦೦೬

ಪ್ರೀತಿಯ ರಮ್ಯಾ,

ಓದಿ ತುಂಬ ಬೇಜಾರಾಯಿತು. ಎಡಿಟಿಂಗಿನಲ್ಲಿ ಅವಸರದಲ್ಲಿ ಯಾರೋ ಮಾಡಿದ್ದಾರೆ. ನಾನು ಅವತ್ತು ರಜೆಯಲ್ಲಿದ್ದೆ. ಗಲಾಟೆ ಮಾಡಿದೆ, ಆದರೆ ಒಮ್ಮೆ ಪ್ರಸಾರವಾದದ್ದನ್ನು ತಿದ್ದಿ ಹಾಕುವುದಿಲ್ಲ ಅಂದರು. ಪೂರ್ತಿ ಮಾತಿದ್ದ ಟೇಪೂ ಉಳಿದಿಲ್ಲವಂತೆ. ಊರವರ ಕೋಪ ನಾಲ್ಕು ದಿನದ್ದು, ಇಳಿಯುತ್ತೆ.

ಇನ್ನೊಂದು ಸುದ್ದಿ. ನಾನು ಮತ್ತೆ ತೆರೆಯ ಮೇಲೆ ಬರುತ್ತಿದ್ದೇನೆ. ರಾತ್ರಿ ಎಂಟಕ್ಕೆ, ವಾರಕ್ಕೆ ಐದು ದಿನ. ಅತ್ತೆಗೆ ಇದನ್ನಾದರೂ ಓದಿ ಹೇಳು, ಖುಷಿಪಡುತ್ತಾರೆ.

ಭಾನು


ಕೆಂಚಯ್ಯನದೊಡ್ಡಿ
೨೧ ಜನವರಿ ೨೦೦೭

ಭಾನುಪ್ರಿಯ,

ಹೋದ ಗುರುವಾರ ಅಮ್ಮನ ಮಂಡಿ ತೋರಿಸಲು ಹಾರೋಹಳ್ಳಿಗೆ ಹೋಗಿದ್ದೆವು. ಬಸ್ಸಿಗೆ ಹೊತ್ತಿತ್ತು, ಖಾಸಿಂ ಹೋಟೆಲಿನಲ್ಲಿ ಟೀಗೆ ಕೂತೆವು. ಟೀವಿಯಲ್ಲಿ ನಿಮ್ಮ ಚಾನೆಲ್ ಹಳೆಯ ಕಾರ್ಯಕ್ರಮ ಹಾಕಿತ್ತು. ಅಮ್ಮನದೇ ಬಂತು. ಎದ್ದು ಹೋಗೋಣ ಅಂದೆ, ಅವಳು ಕೇಳಲಿಲ್ಲ.

ಮೊದಲ ಮಾತಿಗೂ ಎರಡನೆಯ ಮಾತಿಗೂ ನಡುವೆ ಒಂದು ಕೈ ಬರುತ್ತೆ, ಸೊಪ್ಪು ಹರಡುವ ಕೈ. ಊರಲ್ಲಿ ಎಲ್ಲರೂ ಅಮ್ಮನ ಕಡೆ ತಿರುಗಿದ್ದರಿಂದ ಅವತ್ತು ನಾವದನ್ನು ಕಂಡಿರಲಿಲ್ಲ. ಹಸಿರು ಬಳೆ, ನಡುವೆ ಒಂದು ಕೆಂಪು. ನನಗಿನ್ನೂ ಹೊಳೆದಿರಲಿಲ್ಲ. ಅಮ್ಮ ಸೆರಗಿನಿಂದ ತನ್ನ ಕೈ ತೆಗೆದು ಟೇಬಲ್ಲಿನ ಮೇಲಿಟ್ಟು, ಟೀವಿ ನೋಡಿ, ಮತ್ತೆ ಕೈ ನೋಡಿದಳು. ಆಮೇಲೆ ಮೆಲ್ಲಗೆ ಅಂದಳು: ‘ಅದು ನಮ್ ಭಾನು ಟ್ರಂಕಲ್ ಇರೋ ಕೈ ಕಣವ್ವ.’

ದಯಾನಂದ್ ಬಂದಾಗ ಹುಳುಮನೆ ಖಾಲಿ. ಅಮ್ಮನ ಕೈ ಖಾಲಿಯಾಗಿ ಎರಡು ವರ್ಷ. ಬಳೆಯಿದ್ದ ಕೈ ಜಗತ್ತಿನಲ್ಲಿ ಒಂದೇ ಕಡೆ ಇತ್ತು, ಅದಕ್ಕೆ ನೀನು ಬೀಗ ಹಾಕಿದ್ದೆ. ಬೀಗ ತೆಗೆದವಳೂ ನೀನೇ. ಕತ್ತರಿಸಿದ ಜಾಗದಲ್ಲಿ ಕೆಲಸ ಮಾಡುವ ಕೈ ಹಾಕುತ್ತೇವೆ ಅಂತ ನೀನೇ ಬರೆದಿದ್ದೆ, ನನ್ನ ಹೊಲಿಗೆ ಕಾಣುವುದಿಲ್ಲ ಅಂತಲೂ ಬರೆದಿದ್ದೆ.

ಚಾನೆಲ್ಲಿನವರು ಮೋಸ ಮಾಡಿದರು ಅಂದುಕೊಂಡಿದ್ದಾಗ ನಿದ್ದೆಯಾದರೂ ಬರುತ್ತಿತ್ತು. ಅಪ್ಪ ತಂದ ಬಳೆ ಭಾನು ಅವು. ಅವನ್ನು ಜಾರಿಸಿದ ದಿನ ನೀನಿರಲಿಲ್ಲ, ಅದಕ್ಕೇ ನಿನಗೆ ಅತ್ತೆಯ ಕೈ ಅಂದರೆ ಇವತ್ತಿಗೂ ಬಳೆಯಿರುವ ಕೈ. ನೋಡಿದ್ದರೆ ಬೇರೆ ಏನಾದರೂ ಹಾಕಿ ಮುಚ್ಚುತ್ತಿದ್ದೆ, ನಮಗೆ ಗೊತ್ತೇ ಆಗುತ್ತಿರಲಿಲ್ಲ.

ನಿನ್ನ ಕಾಗದಗಳನ್ನು ಓದುವಾಗ ನೀನು ಕೇಳದ ಕ್ಷೇಮಸಮಾಚಾರವನ್ನೆಲ್ಲ ಸೇರಿಸಿ ಓದಿ, ಅಮ್ಮನ ಮನಸ್ಸಿನಲ್ಲಿ ನಿನ್ನನ್ನು ಒಳ್ಳೆಯವಳಾಗಿ ಉಳಿಸಿದ್ದು ನಾನು. ಅದನ್ನು ನೆನೆದರೆ ನನ್ನ ಮೇಲೇ ನನಗೆ ಅಸಹ್ಯವಾಗುತ್ತೆ.

ರಮ್ಯಾ


ಬೆಂಗಳೂರು
೩ ಫೆಬ್ರವರಿ ೨೦೦೭

ರಮ್ಯಾ,

ಇದನ್ನು ಅತ್ತೆಗೆ ಓದಬೇಡ.

ಹೌದು, ನಾನೇ. ಒಂದೂವರೆ ವರ್ಷ ಆ ಕಿಟಕಿಯಿಲ್ಲದ ಕೋಣೆಯಲ್ಲಿ ಕೂತಿದ್ದೆ. ದೊಡ್ಡ ಕಾರ್ಯಕ್ರಮ ಯಾವುದೂ ತಯಾರಾಗುತ್ತಿರಲಿಲ್ಲ. ನನ್ನ ಮುಖ ಹಳೆಯದಾಯಿತು ಅಂತ ತೆಗೆದರು. ಶ್ರುತಿಯ ತಪ್ಪು ಉಚ್ಚಾರಣೆಗಳನ್ನು ದಿನವೂ ನಾನೇ ಕತ್ತರಿಸಿ ಸರಿಮಾಡುತ್ತಿದ್ದೆ. ಅದು ಹೇಗಿರುತ್ತೆ ಅಂತ ನಿನಗೆ ಗೊತ್ತಾಗುವುದಿಲ್ಲ.

ದಯಾನಂದ್ ತಂದದ್ದನ್ನು ಮೇಲಿನವರು ನೋಡಿದರು. ನಮಗೆ ಜಾಹೀರಾತು ಕೊಡುವವರು ಅಲ್ಲಿ ಫ್ಯಾಕ್ಟರಿ ಹಾಕುವವರು, ಜನ ಒಪ್ಪಿದ್ದಾರೆ ಅಂತ ಬರಬೇಕು ಅಂದರು. ಇದು ನಿಮ್ಮೂರಲ್ಲವಾ, ನೀಟಾಗಿ ಮುಗಿಸು, ಎಂಟು ಗಂಟೆಯ ಕಾರ್ಯಕ್ರಮ ನಿನಗೆ ಅಂದರು. ನಾನು ಮಾಡದಿದ್ದರೆ ಇನ್ನೊಬ್ಬರು ಮಾಡುತ್ತಿದ್ದರು, ಇನ್ನೂ ಒರಟಾಗಿ ಮಾಡುತ್ತಿದ್ದರು. ನಾನು ಅತ್ತೆಯ ಮುಖವನ್ನು ಎಲ್ಲೂ ಕೆಡಿಸಿಲ್ಲ. ಎಷ್ಟು ಚೆನ್ನಾಗಿ ಕಾಣುತ್ತಾರೆ ನೋಡು.

ಕೈಯನ್ನು ನೋಡಿದೆ, ಬಳೆಯನ್ನು ನೋಡಲಿಲ್ಲ. ನೀನು ಬರೆದದ್ದು ನಿಜ.

ಭಾನು


ಕೆಂಚಯ್ಯನದೊಡ್ಡಿ
೧೮ ಫೆಬ್ರವರಿ ೨೦೦೭

ಭಾನುಪ್ರಿಯ,

ಓದಿದೆ. ಓದಬೇಡ ಅಂದ ಸಾಲಿನಿಂದಲೇ ಶುರು ಮಾಡಿ ಒಂದಕ್ಷರ ಬಿಡದೆ ಓದಿದೆ. ಅಮ್ಮ ಸೊಪ್ಪು ಹೆಚ್ಚುತ್ತಾ ಕೇಳಿದಳು, ಮಚ್ಚು ಒಮ್ಮೆಯೂ ನಿಲ್ಲಲಿಲ್ಲ. ಮುಗಿದ ಮೇಲೆ, ಪಾಪ ಒಂದೂವರೆ ವರ್ಷ ಕತ್ತಲೆಯಲ್ಲಿ ಕೂತಿದ್ದಳಾ ಅಂದಳು. ನಿನ್ನ ಪುಣ್ಯ, ಅವಳ ಹೊಟ್ಟೆಯಲ್ಲಿ ನಾನು ಹುಟ್ಟಿದರೂ ಆ ಬುದ್ಧಿ ನನಗೆ ಬರಲಿಲ್ಲ.

ಆಮೇಲೆ ಅವಳೇ ಹೇಳಿ ಬರೆಸಿದ್ದು ಇದು: ‘ಆ ಕ್ಯಾಸೆಟ್ ಕಳಿಸ್ಬುಡು ಅನ್ನು. ಅದ್ರಲ್ ಅವರ್ ದನಿ ಐತೆ. ಮಿಕ್ಕಿದ್ದೇನೂ ನಂಗ್ ಬ್ಯಾಡ.’

ಖಾಸಿಂ ಅವರು ಹೋಟೆಲಿನಲ್ಲಿ ಹಾಕಿ ತೋರಿಸುತ್ತೇನೆ ಅಂದಿದ್ದಾರೆ. ಕಳಿಸು. ಅದೊಂದನ್ನು ಕಳಿಸಿದರೆ ಮುಂದೆ ನಾನು ನಿನ್ನನ್ನು ಏನೂ ಕೇಳುವುದಿಲ್ಲ.

ರಮ್ಯಾ


ಬೆಂಗಳೂರು
೨ ಮಾರ್ಚ್ ೨೦೦೭

ರಮ್ಯಾ,

ಹೇಗೆ ಬರೆಯಲಿ ಗೊತ್ತಾಗುತ್ತಿಲ್ಲ.

ಆ ರಾತ್ರಿ ಕ್ಯಾಸೆಟ್ಟಿನಿಂದ ಅತ್ತೆಯ ಕೈಯಿದ್ದ ತುಣುಕನ್ನಷ್ಟೇ ಕಂಪ್ಯೂಟರಿಗೆ ಇಳಿಸಿಕೊಂಡೆ. ಬೇಕಾದ್ದು ಇಳಿಸಿಕೊಂಡ ಮೇಲೆ ಕ್ಯಾಸೆಟ್ಟನ್ನು ಬಾಗಿಲ ಪಕ್ಕದ ಡಬ್ಬಕ್ಕೆ ಹಾಕುತ್ತೇವೆ, ಮರುದಿನ ಅದರ ಮೇಲೆ ಬೇರೆ ಚಿತ್ರೀಕರಣ ಮಾಡುತ್ತಾರೆ. ದಿನವೂ ಮಾಡುವ ಕೆಲಸ. ಕೈ ತಾನಾಗಿ ಹಾಕಿಬಿಟ್ಟಿತು. ನಾಲ್ಕು ದಿನದ ಮೇಲೆ ನೆನಪಾಗಿ ಹುಡುಕಿದೆ. ಅದರ ಮೇಲೆ ಯಾರದೋ ಕ್ರಿಕೆಟ್ ಇತ್ತು.

ಮಾವನ ದನಿ ಇಲ್ಲ. ಉಳಿದಿರುವುದು ಅತ್ತೆ ಟೀವಿಯಲ್ಲಿ ನೋಡಿದ ಆ ಕೈ ಒಂದೇ. ಅದನ್ನು ಬೇಕಾದರೆ ಕಳಿಸುತ್ತೇನೆ.

ಭಾನು


ಕೆಂಚಯ್ಯನದೊಡ್ಡಿ
೩೦ ಜೂನ್ ೨೦೦೭

ಭಾನುಪ್ರಿಯ,

ತೋಟ ಹೋಯಿತು. ಒಂದು ಬೆಳಿಗ್ಗೆ ಮಿಷಿನ್ ಬಂದು ಮಧ್ಯಾಹ್ನದೊಳಗೆ ಗಿಡಗಳನ್ನೆಲ್ಲ ಕಿತ್ತು ರಾಶಿ ಹಾಕಿತು. ಚಂದ್ರಿಕೆ ಕೊಡದವರ ತೋಟವೂ ಹೋಯಿತು. ಈಗ ಅವರು ಅಮ್ಮನನ್ನು ಮಾತಾಡಿಸುತ್ತಾರೆ, ಅಮ್ಮನೂ ಮಾತಾಡುತ್ತಾಳೆ. ನಾನು ಹಾರೋಹಳ್ಳಿಯಲ್ಲಿ ಪ್ಯಾಕಿಂಗ್ ಕೆಲಸಕ್ಕೆ ಸೇರಿದ್ದೇನೆ, ಕಂಪನಿ ಬಸ್ಸು ಊರ ಬಾಗಿಲಿಗೇ ಬರುತ್ತೆ. ನಮ್ಮ ಹುಡುಗರಿಗೂ ಕೆಲಸ ಸಿಕ್ಕಿತು. ಟೀವಿಯಲ್ಲಿ ಬಂದ ಮಾತು ಸುಳ್ಳಾಗಲಿಲ್ಲ.

ನಿನ್ನ ಕೊನೆಯ ಕಾಗದ ಅಮ್ಮನಿಗೆ ಓದಿದೆ. ಒಂದಕ್ಷರ ಬಿಡುವುದಿಲ್ಲ ಅಂದುಕೊಂಡೇ ಬಿಡಿಸಿದೆ. ಅವಳು ಕೈ ಒರೆಸಿಕೊಂಡು ಎದುರಿಗೆ ಬಂದು ಕೂತಳು. ನನ್ನ ಬಾಯಿಗೆ ಬಂದದ್ದು ಇಷ್ಟು: ‘ಅತ್ತೆ, ಕ್ಯಾಸೆಟ್ ಜೋಪಾನವಾಗಿದೆ. ಮಾವ ನನ್ನನ್ನು ಗದರಿಸುವುದು ಈಗಲೂ ಹಾಗೇ ಕೇಳುತ್ತೆ. ನಾನೇ ತಂದುಕೊಡುತ್ತೇನೆ.’ ಇನ್ನೊಮ್ಮೆ ಓದು ಅಂದಳು. ಇನ್ನೊಮ್ಮೆಯೂ ಹಾಗೇ ಓದಿದೆ.

ಅಂದಿನಿಂದ ಬಸ್ಸಿನ ಸದ್ದಾದರೆ ಸಾಕು, ಬಾಗಿಲಿಗೆ ಬಂದು ನಿಲ್ಲುತ್ತಾಳೆ. ಇಳಿದವಳು ನಾನು ಅಂತ ಕಂಡ ಮೇಲೆ ಒಳಗೆ ಹೋಗುತ್ತಾಳೆ.

ನೀನು ಬರಬೇಡ. ಆ ಕೈಯನ್ನು ಕಳಿಸಬೇಡ. ಕಾಗದವನ್ನೂ ಬರೆಯಬೇಡ. ಬಂದರೆ ಅವಳಿಗೆ ಓದಬೇಕಾಗುತ್ತೆ, ಮತ್ತೆ ಏನಾದರೂ ಸೇರಿಸಿ ಹೊಲಿಯಬೇಕಾಗುತ್ತೆ. ನಿನ್ನಷ್ಟು ನೀಟಾಗಿ ನನಗೆ ಬರುವುದಿಲ್ಲ.

ರಮ್ಯಾ